ಎರಡು ಹೆಸರು, ಒಂದೇ ಶ್ರುತಿ

ಸಿನಿಮಾದ ಟೈಟಲ್ ಕಾರ್ಡು ಬರುವಾಗ ನೀವು ಏನು ಮಾಡ್ತೀರಿ? ಕತ್ತಲಲ್ಲಿ ಸೀಟು ಹುಡುಕ್ತೀರಿ. ಕಡಲೇಕಾಯಿ ಪೊಟ್ಟಣ ಬಿಚ್ಚುತ್ತೀರಿ. ನಾಯಕನ ಹೆಸರು ಬಿದ್ದ ಕೂಡಲೇ ಒಂದು ಶಿಳ್ಳೆ! ಅಲ್ಲಿಗೆ ಮುಗೀತು. ಮಿಕ್ಕ ಹೆಸರುಗಳು ಬರುತ್ತವೆ, ಹೋಗುತ್ತವೆ. ಯಾರು ಓದುತ್ತಾರೆ?

ಆದರೆ ಕನ್ನಡ ಚಿತ್ರರಂಗದಲ್ಲಿ ಒಂದು ಕಾರ್ಡು ಇತ್ತು. 'ಸಂಗೀತ' ಅಂತ ಮೇಲೆ, ಕೆಳಗೆ ಎರಡು ಹೆಸರು. ಎರಡು ಹೆಸರಿನ ನಡುವೆ ಒಂದು ಪುಟ್ಟ ಅಡ್ಡಗೆರೆ. ರಾಜನ್-ನಾಗೇಂದ್ರ! ಆ ಹೆಸರನ್ನು ಒಬ್ಬನೇ ಮನುಷ್ಯನ ಹೆಸರು ಅಂದುಕೊಂಡವರು ನಮ್ಮ ತಿಪಟೂರಿನ ಕಡೆ ಇವತ್ತಿಗೂ ಇದ್ದಾರೆ. ನಗಬೇಡಿ. ಅದಕ್ಕಿಂತ ದೊಡ್ಡ ಬಿರುದು ಆ ಅಣ್ಣತಮ್ಮಂದಿರಿಗೆ ಬೇರೆ ಇಲ್ಲ ಅನ್ನೋದು ನನ್ನ ಅಭಿಪ್ರಾಯ.

ನಾನು ಸಂಗೀತಶಾಸ್ತ್ರ ಓದಿದವನಲ್ಲ. ಶಾಸ್ತ್ರ ಹಾಗಿರಲಿ, ಪಿ.ಯು.ಸಿ.ಯನ್ನೇ ಅರ್ಧಕ್ಕೆ ಬಿಟ್ಟವನು. ಅಪ್ಪ ತೀರಿಕೊಂಡ ವರ್ಷ ಅದು. ಅಣ್ಣ ಕೀಬೋರ್ಡ್ ಇಟ್ಟುಕೊಂಡು ಆರ್ಕೆಸ್ಟ್ರಾ ಕಟ್ಟಿದ್ದ. ರಿದಂ ಪ್ಯಾಡಿಗೆ ಹೊರಗಿನವರನ್ನು ಕರೆದರೆ ದುಡ್ಡು ಕೊಡಬೇಕು. ಮನೆಯವನೇ ಬಾರಿಸಿದರೆ ಆ ದುಡ್ಡು ಮನೆಗೇ ಬರುತ್ತದೆ. ಅಷ್ಟೇ ಲೆಕ್ಕ! ಹಾಗಾಗಿ 2013ರಿಂದ 2020ರವರೆಗೆ ಏಳು ವರ್ಷ ಗಣೇಶನ ಪೆಂಡಾಲು, ಊರ ಜಾತ್ರೆ, ಮದುವೆ ರಿಸೆಪ್ಷನ್ನು, ರಾಜ್ಯೋತ್ಸವ ಅಂತ ಅಣ್ಣನ ಎಡಗಡೆ ನಿಂತು ಬಾರಿಸಿದ್ದೇನೆ. ನನ್ನ ಕಾಲೇಜು ಅದೇ. ಆ ಕಾಲೇಜಿನಲ್ಲಿ ನನಗೆ ಹೆಚ್ಚು ಪಾಠ ಹೇಳಿದವರು ಈ ಇಬ್ಬರು.

ಶಿವರಾಂಪೇಟೆಯ ಹುಡುಗರು

ಮೈಸೂರಿನ ಶಿವರಾಂಪೇಟೆ ಅವರ ಊರುಕೇರಿ. ತಂದೆ ರಾಜಪ್ಪನವರು ಹಾರ್ಮೋನಿಯಂ, ಕೊಳಲು ನುಡಿಸುತ್ತಿದ್ದ ಕಲಾವಿದರು. ಮೂಕಿಚಿತ್ರಗಳ ಕಾಲದಲ್ಲಿ ತೆರೆಯ ಮುಂದೆ ಕೂತು ವಾದ್ಯ ನುಡಿಸಿದವರು. ಯೋಚನೆ ಮಾಡಿ! ಸಿನಿಮಾಕ್ಕೆ ಇನ್ನೂ ಬಾಯಿ ಬಂದಿರಲಿಲ್ಲ, ಆಗಲೇ ಆ ಮನೆಯವರು ಸಿನಿಮಾಕ್ಕೆ ಸಂಗೀತ ಕೊಡುತ್ತಿದ್ದರು.

ದೊಡ್ಡವರು ರಾಜನ್, ಹುಟ್ಟಿದ್ದು 1933ರಲ್ಲಿ. ಅವರ ಕೈಗೆ ಬಂದದ್ದು ಪಿಟೀಲು. ಎರಡು ವರ್ಷ ಚಿಕ್ಕವರು ನಾಗೇಂದ್ರ. ಅವರು ಒಲಿಸಿಕೊಂಡದ್ದು ಜಲತರಂಗ. ಪಿಂಗಾಣಿ ಬಟ್ಟಲುಗಳಿಗೆ ನೀರು ಹಾಕಿ, ಕಡ್ಡಿಯಿಂದ ತಟ್ಟಿ, ಸ್ವರ ಹೊರಡಿಸುವ ವಾದ್ಯ. ಒಂದು ತೊಟ್ಟು ನೀರು ಹೆಚ್ಚುಕಮ್ಮಿಯಾದರೆ ಸ್ವರವೇ ಬದಲು! ಒಬ್ಬರಿಗೆ ತಂತಿ, ಇನ್ನೊಬ್ಬರಿಗೆ ನೀರು. ನಾಗೇಂದ್ರ ಹಾಡುತ್ತಲೂ ಇದ್ದರು.

ವಾದ್ಯವೃಂದದಲ್ಲಿ ನುಡಿಸಿ, ಮದರಾಸಿನಲ್ಲಿ ಎಚ್.ಆರ್. ಪದ್ಮನಾಭಶಾಸ್ತ್ರಿಗಳ ಹತ್ತಿರ ಕೆಲಸ ಕಲಿತು, ಕೊನೆಗೆ ಬಿ. ವಿಠಲಾಚಾರ್ಯರ 'ಸೌಭಾಗ್ಯಲಕ್ಷ್ಮಿ' ಚಿತ್ರಕ್ಕೆ ಸ್ವತಂತ್ರ ಸಂಗೀತ ನಿರ್ದೇಶಕರಾದರು. ವರ್ಷ 1953. ಅಣ್ಣನಿಗೆ ಇಪ್ಪತ್ತು, ತಮ್ಮನಿಗೆ ಹದಿನೆಂಟರ ಆಸುಪಾಸು! ಆ ವಯಸ್ಸಿನಲ್ಲಿ ನಾವು ನೀವು ಏನು ಮಾಡ್ತಾ ಇದ್ದೆವು ಅಂತ ಒಂದು ಸಲ ನೆನೆಸಿಕೊಳ್ಳಿ.

ವಿಠಲಾಚಾರ್ಯರು ಉಡುಪಿಯ ಕಡೆಯವರು. ಮುಂದೆ ತೆಲುಗಿಗೆ ಹೋಗಿ ಮಾಯಾಮಂತ್ರದ ಚಿತ್ರಗಳ ಸರದಾರರಾದರು. ಎನ್.ಟಿ.ಆರ್. ನಟಿಸಿದ 'ಅಗ್ಗಿ ಪಿಡುಗು' (1964) ಚಿತ್ರಕ್ಕೆ ಅವರು ಕರೆದದ್ದು ಇದೇ ನಮ್ಮ ಅಣ್ಣತಮ್ಮಂದಿರನ್ನು. ಒಟ್ಟು ಕನ್ನಡದಲ್ಲೇ ಇನ್ನೂರಕ್ಕೂ ಹೆಚ್ಚು ಚಿತ್ರ ಈ ಜೋಡಿಯದು.

ಹಾಡು ಹುಟ್ಟುತ್ತಿದ್ದ ಬಗೆ

ಈಗಿನ ಕಾಲದ ಹುಡುಗರಿಗೆ ಹಾಡು ಅಂದರೆ ಕಂಪ್ಯೂಟರಿನಲ್ಲಿ ಒಂದೊಂದೇ ಟ್ರ್ಯಾಕು ಜೋಡಿಸೋದು. ಗಾಯಕ ಒಂದು ದಿನ, ಗಾಯಕಿ ಇನ್ನೊಂದು ದಿನ. ಇಬ್ಬರೂ ಮುಖ ನೋಡದೆಯೇ ಯುಗಳಗೀತೆ ಮುಗಿದುಹೋಗುತ್ತದೆ!

ಆಗ ಹಾಗಲ್ಲ. ಮೊದಲು ಕಂಪೋಸಿಂಗ್. ನಿರ್ದೇಶಕರು ಸನ್ನಿವೇಶ ಹೇಳಬೇಕು. ಹಾರ್ಮೋನಿಯಂ ಮುಂದೆ ಕೂತವರು ಟ್ಯೂನು ಹಾಕಬೇಕು. ಒಪ್ಪಿದ ಮೇಲೆ ಕವಿಗಳು ಆ ಅಳತೆಗೆ ಮಾತು ಕೂರಿಸಬೇಕು. ಚಿ. ಉದಯಶಂಕರ್ ಅವರಂಥವರು ಆ ಕೆಲಸದಲ್ಲಿ ಎಷ್ಟು ಪಳಗಿದ್ದರು ಅನ್ನೋದಕ್ಕೆ ಹಾಡುಗಳೇ ಸಾಕ್ಷಿ. ಮಾತು ಮೊದಲು ಹುಟ್ಟಿತೋ, ಟ್ಯೂನು ಮೊದಲು ಹುಟ್ಟಿತೋ ಹೇಳಿ ನೋಡೋಣ? ಬೆಸುಗೆ ಕಾಣೋದೇ ಇಲ್ಲ!

ಆಮೇಲೆ ಮದರಾಸಿನ ಸ್ಟುಡಿಯೋ. ಪಿಟೀಲಿನವರ ಸಾಲು, ಕೊಳಲು, ಸಿತಾರು, ಗಿಟಾರು, ತಬಲಾ, ಢೋಲಕ್, ಬಾಂಗೋ ಎಲ್ಲರೂ ಒಟ್ಟಿಗೆ. ಗಾಜಿನ ಆಚೆ ಗಾಯಕರು. ಕೈಬೀಸಿದರೆ ಮೊದಲಿನಿಂದ ಕೊನೆಯವರೆಗೆ ಒಂದೇ ಉಸಿರಿನಲ್ಲಿ ಟೇಕ್. ಕೊನೇ ಚರಣದಲ್ಲಿ ಒಬ್ಬ ಪಿಟೀಲಿನವನು ಜಾರಿದರೂ ಪುನಃ ಮೊದಲಿಂದ! ಹತ್ತಿಪ್ಪತ್ತು ಜನ ಒಂದೇ ಮನಸ್ಸಾಗದೆ ಒಂದು ಹಾಡು ಹೊರಗೆ ಬರುತ್ತಿರಲಿಲ್ಲ.

ಇಲ್ಲೇ ನೋಡಿ ಈ ಜೋಡಿಯ ಗಮ್ಮತ್ತು ಇರೋದು. ಅವರ ಹಾಡು ಕೇಳೋಕೆ ಬಹಳ ಸುಲಭ. ಎಮ್ಮೆ ಮೇಯಿಸುವ ಹುಡುಗನೂ ಒಂದೇ ಸಲಕ್ಕೆ ಗುನುಗುತ್ತಾನೆ. ಆದರೆ ನುಡಿಸೋಕೆ ಕೂತರೆ? ಪಲ್ಲವಿಗೂ ಚರಣಕ್ಕೂ ನಡುವೆ ಬರುವ ಬಿ.ಜಿ.ಎಂ. ಇದೆಯಲ್ಲ, ಅದರಲ್ಲಿ ಪ್ರಾಣ ತಿಂದುಬಿಡುತ್ತಾರೆ. ಪಿಟೀಲು ಕೇಳಿದ್ದಕ್ಕೆ ಕೊಳಲು ಉತ್ತರ ಹೇಳುತ್ತದೆ. ಆ ಉತ್ತರ ಮುಗಿಯುವ ಜಾಗಕ್ಕೆ ಸರಿಯಾಗಿ ತಬಲಾದ ಒಂದು ತುಣುಕು ಬೀಳಬೇಕು. ಒಂದು ಮಾತ್ರೆ ಮುಂಚೆ ಬಿದ್ದರೂ ಕೆಟ್ಟಿತು, ತಡವಾದರೂ ಕೆಟ್ಟಿತು.

ಸ್ಟೇಜಿನ ಮೇಲೆ ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಬೇರೆ ಹಾಡಿನಲ್ಲಿ ಬಿ.ಜಿ.ಎಂ. ಬಿಟ್ಟು ನೇರ ಚರಣಕ್ಕೆ ಹಾರಿದರೆ ಜನ ಸುಮ್ಮನಿರುತ್ತಾರೆ. ರಾಜನ್-ನಾಗೇಂದ್ರ ಹಾಡಿನಲ್ಲಿ ಹಾರಿ ನೋಡಿ! ಹಿಂದಿನ ಸಾಲಿನಿಂದ 'ಏಯ್, ಮ್ಯೂಸಿಕ್ ಎಲ್ಲೋ?' ಅಂತ ಕೂಗು ಬರುತ್ತದೆ. ಯಾಕೆಂದರೆ ಜನಕ್ಕೆ ಮಾತಿನ ಜೊತೆಗೆ ಆ ಪಿಟೀಲು, ಕೊಳಲೂ ಬಾಯಿಪಾಠ!

ಪಿ.ಬಿ.ಎಸ್. ಕಂಠದಿಂದ ಅಣ್ಣಾವ್ರ ಕಂಠಕ್ಕೆ

1971ರ 'ನ್ಯಾಯವೇ ದೇವರು', 1973ರ 'ಗಂಧದ ಗುಡಿ', 1974ರ 'ಎರಡು ಕನಸು'. ಈ ಮೂರರಲ್ಲೂ ವರನಟ ರಾಜ್‌ಕುಮಾರ್ ಅವರ ತುಟಿಗೆ ಕಂಠ ಕೊಟ್ಟವರು ಪಿ.ಬಿ. ಶ್ರೀನಿವಾಸ್. 'ಗಂಧದ ಗುಡಿ'ಯ ಆ ಕನ್ನಡದ ಹಾಡು ಇಲ್ಲದೆ ನಮ್ಮ ಕಡೆ ರಾಜ್ಯೋತ್ಸವ ಶುರುವಾಗುವುದೇ ಇಲ್ಲ. ಬಾವುಟ ಮೇಲೇರುವಾಗ ಯಾರು ಯಾವ ಹಾಡು ಹಾಕಿದರೂ, ಬಾವುಟ ನಿಂತ ಮೇಲೆ ಮೈಕ್‌ಸೆಟ್ಟಿನವನ ಕೈ ಹೋಗುವುದು ಅಲ್ಲಿಗೇ.

ಆಮೇಲೆ 1974ರಲ್ಲಿ ಜಿ.ಕೆ. ವೆಂಕಟೇಶ್ ಅವರ ಸಂಗೀತದ 'ಸಂಪತ್ತಿಗೆ ಸವಾಲ್' ಬಂತು. ಅಣ್ಣಾವ್ರು ತಮ್ಮ ಹಾಡನ್ನು ತಾವೇ ಹಾಡಿದರು. ಗಾಳಿ ಬೇರೆ ಕಡೆ ತಿರುಗಿತು. ಎಷ್ಟೋ ಸಂಗೀತ ನಿರ್ದೇಶಕರಿಗೆ ಒಂದು ಕಂಠದಿಂದ ಇನ್ನೊಂದು ಕಂಠಕ್ಕೆ ಹೊಂದಿಕೊಳ್ಳುವುದೇ ಕಷ್ಟ. ಇವರು? 1976ರ 'ನಾ ನಿನ್ನ ಮರೆಯಲಾರೆ' ಕೇಳಿ. ಅಣ್ಣಾವ್ರ ಕಂಠ ಎಲ್ಲಿ ಮೃದು, ಎಲ್ಲಿ ಗಟ್ಟಿ ಅಂತ ಅಳೆದು ಹೊಲಿದ ಅಂಗಿಯ ಹಾಗೆ ಟ್ಯೂನು ಕೂತಿದೆ.

ಅದೇ ವರ್ಷ ಅತ್ತ 'ಬಯಲು ದಾರಿ'. ಅನಂತನಾಗ್ ಅವರಿಗೆ ಎಸ್.ಪಿ. ಬಾಲಸುಬ್ರಹ್ಮಣ್ಯಂ ಕಂಠ. ಅಲ್ಲಿಂದ ಮುಂದೆ ಹಬ್ಬವೋ ಹಬ್ಬ! 'ಹೊಂಬಿಸಿಲು' (1978), 'ಚಂದನದ ಗೊಂಬೆ' (1979), 'ನಾ ನಿನ್ನ ಬಿಡಲಾರೆ' (1979), ಶಂಕರನಾಗ್ ಅವರ 'ಆಟೋ ರಾಜ' (1980), 'ಗಾಳಿಮಾತು' (1981). ಆಟೋ ರಾಜನ ಆ ಗುಲಾಬಿ ಹಾಡು ಇಲ್ಲದ ಆಟೋ ಸ್ಟ್ಯಾಂಡ್ ಕರ್ನಾಟಕದಲ್ಲಿ ಇದ್ದರೆ ನನಗೆ ತೋರಿಸಿ! ಮಧುರ ಮಾತ್ರವಲ್ಲ, ಮಣ್ಣಿನ ವಾಸನೆಯೂ ಬರುತ್ತಿತ್ತು. ದೊಡ್ಡರಂಗೇಗೌಡರ ಹಳ್ಳಿಮಾತಿಗೆ ಟ್ಯೂನು ಹಾಕಿದ 'ಪರಸಂಗದ ಗೆಂಡೆತಿಮ್ಮ' (1978) ಅದಕ್ಕೆ ಉದಾಹರಣೆ.

ಇನ್ನೊಂದು ಸಂಗತಿ. 'ಎರಡು ಕನಸು' ಚಿತ್ರದಲ್ಲಿ ಪಿ.ಬಿ. ಶ್ರೀನಿವಾಸ್, ವಾಣಿ ಜಯರಾಂ ಹಾಡಿದ ಯುಗಳಗೀತೆ ನಿಮಗೆ ಗೊತ್ತು. ಆ ಚಿತ್ರ ತೆಲುಗಿನಲ್ಲಿ 1975ರಲ್ಲಿ 'ಪೂಜ' ಆದಾಗ ಅದೇ ಟ್ಯೂನು ಅಲ್ಲಿಗೂ ಹೋಯಿತು. ಹಾಡಿದವರು ಎಸ್.ಪಿ.ಬಿ. ಮತ್ತು ವಾಣಿ ಜಯರಾಂ. ಅಲ್ಲೂ ಜನಮನ ಸೂರೆಗೊಂಡಿತು. ಇವತ್ತು ತೆಲುಗಿನವರ ಮುಂದೆ ಆ ಟ್ಯೂನು ಗುನುಗಿದರೆ 'ಇದು ನಮ್ಮ ಹಾಡು' ಅನ್ನುತ್ತಾರೆ. ಅನ್ನಲಿ ಬಿಡಿ! ಶಿವರಾಂಪೇಟೆಯಲ್ಲಿ ಕಣ್ಣುಬಿಟ್ಟವರ ಟ್ಯೂನು ಕೃಷ್ಣೆ ಗೋದಾವರಿ ದಾಟಿತಲ್ಲ, ಅದು ದೊಡ್ಡದು.

ಜೋಡಿ ಅನ್ನೋದು ಸುಲಭವಲ್ಲ

ಚಿತ್ರರಂಗದಲ್ಲಿ ಜೋಡಿಗಳಿಗೇನು ಬರ! ಹಿಂದಿಯಲ್ಲಿ ಶಂಕರ್-ಜೈಕಿಶನ್. 1971ರಲ್ಲಿ ಜೈಕಿಶನ್ ಹೋದರು. ಶಂಕರ್ ಆಮೇಲೂ ಜೋಡಿ ಹೆಸರನ್ನು ಬಿಡಲಿಲ್ಲ. ತಮಿಳಿನಲ್ಲಿ ವಿಶ್ವನಾಥನ್-ರಾಮಮೂರ್ತಿ. ಎಂಥೆಂಥ ಹಾಡು ಕೊಟ್ಟರು! 1965ರಲ್ಲಿ ಬೇರೆಯಾದರು. ಮತ್ತೆ ಒಂದು ಚಿತ್ರಕ್ಕೆ ಕೂಡಿ ಕೂತದ್ದು 1995ರಲ್ಲಿ. ನಡುವೆ ಮೂವತ್ತು ವರ್ಷ!

ನಮ್ಮಲ್ಲೇ ನಿರ್ದೇಶಕರಲ್ಲೂ ಒಂದು ಜೋಡಿ ಇತ್ತು, ದೊರೈ-ಭಗವಾನ್. 'ಎರಡು ಕನಸು', 'ಬಯಲು ದಾರಿ', 'ಚಂದನದ ಗೊಂಬೆ', 'ಗಾಳಿಮಾತು' ಎಲ್ಲವೂ ಅವರದೇ. ಅಂದರೆ ಕಂಪೋಸಿಂಗ್ ಕೋಣೆಯಲ್ಲಿ ಈ ಕಡೆ ಇಬ್ಬರು, ಆ ಕಡೆ ಇಬ್ಬರು. ನಾಲ್ಕು ಅಭಿಪ್ರಾಯ ಸೇರಿ ಒಂದು ಹಾಡಾಗಬೇಕು! ಆಗಿದೆ. ಅದೂ ಎಂಥ ಹಾಡುಗಳು!

ರಾಜನ್-ನಾಗೇಂದ್ರ ಜೋಡಿಯದು 1953ರಿಂದ 2000ದವರೆಗಿನ ಪ್ರಯಾಣ. ನಲವತ್ತೇಳು ವರ್ಷ. ಇದರಲ್ಲಿ ಇದು ಅಣ್ಣನ ಟ್ಯೂನು, ಇದು ತಮ್ಮನ ಟ್ಯೂನು ಅಂತ ಹಾಡು ಕೇಳಿ ಹೇಳಬಲ್ಲವರು ನನಗೆ ಇದುವರೆಗೂ ಸಿಕ್ಕಿಲ್ಲ. ನಾನಂತೂ ಏಳು ವರ್ಷ ಬಾರಿಸಿ ಸೋತಿದ್ದೇನೆ. ಗೆರೆ ಎಲ್ಲಿದೆ ಅಂತ ಹುಡುಕಿದರೆ ಸಿಗೋದು ಟೈಟಲ್ ಕಾರ್ಡಿನಲ್ಲಿ ಮಾತ್ರ.

2000ದ ನವೆಂಬರಿನಲ್ಲಿ ನಾಗೇಂದ್ರ ಕಣ್ಣುಮುಚ್ಚಿದರು. ರಾಜನ್ ಆಮೇಲೆ ಇಪ್ಪತ್ತು ವರ್ಷ ಬಾಳಿದರು. ಹೊಸಬರಿಗೆ ಸಂಗೀತ ಹೇಳಿಕೊಟ್ಟರು. ಆದರೆ ಪತ್ರಿಕೆಗಳು, ಅಭಿಮಾನಿಗಳು, ಸನ್ಮಾನದ ಫಲಕಗಳು... ಎಲ್ಲಿ ನೋಡಿದರೂ ಬರಿಯ 'ರಾಜನ್' ಅಂತ ಬರೆದರೆ ಹೆಸರು ಪೂರ್ತಿ ಆಗುತ್ತಲೇ ಇರಲಿಲ್ಲ. ತಮ್ಮ ಇಲ್ಲದ ಮೇಲೂ ಅಣ್ಣನ ಹೆಸರಿನ ಪಕ್ಕದಲ್ಲಿ ತಮ್ಮ ಕೂತೇ ಇದ್ದ!

2020 ಅನ್ನೋ ವರ್ಷ

ಆ ವರ್ಷದ ಮಾರ್ಚಿನಲ್ಲಿ ಲಾಕ್‌ಡೌನ್ ಬಂತು. ನಮಗೆ ಜಾತ್ರೆಯ ಸೀಸನ್ನು ಹೋಯಿತು, ಮದುವೆ ಸೀಸನ್ನು ಹೋಯಿತು, ಗಣೇಶನೂ ಹೋದ. ಸ್ಪೀಕರಿನ ಮೇಲೆ ಟಾರ್ಪಾಲು ಹೊದಿಸಿ ಮನೆಯಲ್ಲಿ ಕೂತೆವು. ಸೆಪ್ಟೆಂಬರ್ 25ರಂದು ಎಸ್.ಪಿ.ಬಿ. ಹೋದರು. ಸರಿಯಾಗಿ ಹದಿನಾರು ದಿನ ಕಳೆದು, ಅಕ್ಟೋಬರ್ 11ರಂದು ರಾಜನ್ ಹೋದರು. ಎಂಬತ್ತೇಳು ವರ್ಷ ಆಗಿತ್ತು. ಹಾಡಿದ ಕಂಠ ಮೊದಲು, ಹಾಡಿಸಿದ ಕೈ ಆಮೇಲೆ.

ಅವತ್ತು ಅಣ್ಣ ಕೀಬೋರ್ಡ್ ತೆಗೆದು 'ಎರಡು ಕನಸು' ಹಾಡಿನ ಬಿ.ಜಿ.ಎಂ. ನುಡಿಸಿದ. ನಾನು ಊಟದ ತಟ್ಟೆ ಬೋರಲು ಹಾಕಿಕೊಂಡು ಬಾರಿಸಿದೆ. ಅಮ್ಮ ಬಾಗಿಲಲ್ಲಿ ನಿಂತು ಕೇಳಿದರು. ನಾವಿಬ್ಬರೂ ಒಟ್ಟಿಗೆ ನುಡಿಸಿದ್ದು ಅದೇ ಕೊನೆ.

ನಾನು ಪತ್ರಿಕೆಗಳಿಗೆ ಬರೆಯಲು ಶುರು ಮಾಡಿದ್ದು ಆ ದಿನಗಳಲ್ಲೇ. ಲೇಖನಕ್ಕೆ ಇಷ್ಟು ಅಂತ ಸಿಗುವ ದುಡ್ಡು. ಸಿಕ್ಕರೆ ಸಿಕ್ಕಿತು, ಇಲ್ಲದಿದ್ದರೆ ಇಲ್ಲ. ಅಣ್ಣ ಬೆಂಗಳೂರಿಗೆ ಹೋದ. ಈಗ ಬೇರೆಯವರ ಪಾರ್ಟಿಗಳಿಗೆ ಕೀಬೋರ್ಡ್ ನುಡಿಸುತ್ತಾನೆ. ಹಗಲು ಹೊತ್ತು ಒಂದು ಗೋಡೌನಿನಲ್ಲಿ ಲೆಕ್ಕ ಬರೆಯುತ್ತಾನೆ.

ಲೆಕ್ಕ! ನಮ್ಮಿಬ್ಬರ ನಡುವೆ ಬಂದದ್ದೂ ಅದೇ. 2019ರಲ್ಲಿ ಸಾಲ ಮಾಡಿ ಮಿಕ್ಸರು, ಸ್ಪೀಕರು ಕೊಂಡಿದ್ದೆವು. ಲಾಕ್‌ಡೌನ್ ಆದ ಮೇಲೆ ಸಿಕ್ಕ ರೇಟಿಗೆ ಸೆಟ್ಟು ಮಾರಿದೆವು. ಆದರೂ 64,000 ರೂಪಾಯಿ ಸಾಲ ಉಳೀತು. ಅದನ್ನು ಅಣ್ಣ ಒಬ್ಬನೇ ತೀರಿಸಿದ. ಆಮೇಲೆ ಒಂದು ದಿನ ನೋಟ್‌ಬುಕ್ ತೆಗೆದ. ಯಾವ ಕಾರ್ಯಕ್ರಮಕ್ಕೆ ಕೀಬೋರ್ಡಿಗೆ ಎಷ್ಟು, ಪ್ಯಾಡಿಗೆ ಎಷ್ಟು, ಏಳು ವರ್ಷದ್ದೂ ಬರೆದಿಟ್ಟಿದ್ದ. 'ಅರ್ಧ ನೀನು ಕೊಡಬೇಕು ಕಣೋ' ಅಂದ. ಕೀಬೋರ್ಡಿನ ರೇಟು ಜಾಸ್ತಿ, ದುಡಿಮೆ ಅವನದೇ ಹೆಚ್ಚು, ಸಾಲ ಮಾತ್ರ ಅವನೊಬ್ಬನ ತಲೆಗೆ ಯಾಕೆ ಅನ್ನೋದು ಅವನ ಮಾತು. ಏಳು ವರ್ಷ ಪ್ಯಾಡಿನ ಸಂಬಳ ಅಂತ ನಾನು ಕೈಗೆ ತಗೊಂಡೇ ಇಲ್ಲವಲ್ಲಣ್ಣ, ಎಲ್ಲಾ ಮನೆಗೇ ಹೋಯಿತಲ್ಲ ಅನ್ನೋದು ನನ್ನ ಮಾತು. ಅವನ ಮಾತಿನಲ್ಲೂ ನ್ಯಾಯ ಇದೆ, ನನ್ನ ಮಾತಿನಲ್ಲೂ ಇದೆ. ಇಬ್ಬರಲ್ಲೂ ನ್ಯಾಯ ಇದ್ದರೆ ಜಗಳ ಬೇಗ ಮುಗಿಯುವುದಿಲ್ಲ ನೋಡಿ! ಹಬ್ಬಕ್ಕೆ ಬಂದರೂ ಅಮ್ಮನ ಮೂಲಕವೇ ಮಾತು. 'ಅವನಿಗೆ ಉಪ್ಪಿನಕಾಯಿ ಬೇಕಾ ಕೇಳಮ್ಮ' ಅನ್ನುವಷ್ಟರ ಮಟ್ಟಿಗೆ!

ಒಂದೇ ಕವರು

ಈಗ ವಿಷಯಕ್ಕೆ ಬರುತ್ತೇನೆ. ಹೋದ ತಿಂಗಳು ನಮ್ಮೂರಿನ ಹುಡುಗರು ಮನೆಗೆ ಬಂದರು. ಈ ರಾಜ್ಯೋತ್ಸವಕ್ಕೆ ಡಿ.ಜೆ. ಬೇಡವಂತೆ. ಬರಿಯ ರಾಜನ್-ನಾಗೇಂದ್ರ ಹಾಡುಗಳ ರಾತ್ರಿ ಬೇಕಂತೆ. ಎಲ್ಲರೂ ಇಪ್ಪತ್ತು, ಇಪ್ಪತ್ತೆರಡರ ಹುಡುಗರು! ನಾಗೇಂದ್ರ ತೀರಿಕೊಂಡ ಮೇಲೆ ಹುಟ್ಟಿದವರು! 'ಅಣ್ಣ, ನಿಮ್ಮಿಬ್ಬರ ಹಳೇ ಆರ್ಕೆಸ್ಟ್ರಾ ಹೆಸರೇ ಪೋಸ್ಟರಿಗೆ ಹಾಕ್ತೀವಿ. ಇಬ್ಬರೂ ಇರಬೇಕು' ಅಂದರು.

ಇಬ್ಬರೂ! ಹೇಳೋದು ಸುಲಭ.

ಎರಡು ದಿನ ಈ ಹಾಡುಗಳನ್ನೇ ಕೇಳುತ್ತಾ ಕೂತೆ. ಕೇಳುತ್ತಾ ಕೇಳುತ್ತಾ ಒಂದು ವಿಷಯ ತಲೆಗೆ ಹೊಳೆಯಿತು. ನಲವತ್ತೇಳು ವರ್ಷದ ಜೋಡಿಗೂ ಒಳಗೆ ಏನೇನು ಮಾತು ಬಂದಿತೋ ಹೋಗಿತೋ, ಅದು ಅವರ ಮನೆಯ ವಿಷಯ. ನಮ್ಮ ತನಕ ಬಂದದ್ದು ಹಾಡು ಮಾತ್ರ. ಪ್ರತಿ ಹಾಡಿಗೂ ಎರಡೂ ಹೆಸರು ಪೂರ್ತಿ ಪೂರ್ತಿ ಬಂದಿವೆ. ಅರ್ಧ ನನ್ನದು, ಅರ್ಧ ನಿನ್ನದು ಅಂತ ಬಂದಿಲ್ಲ. ಇಡೀ ಹಾಡು ಅಣ್ಣನದು, ಇಡೀ ಹಾಡು ತಮ್ಮನದು. ನೋಟ್‌ಬುಕ್ಕಿನ ಗಣಿತಕ್ಕೆ ಇದು ಸಿಗೋದಿಲ್ಲ. ಆದರೆ ಆ ಗೆರೆಯ ಅರ್ಥ ಇದೇ ಅಂತ ನನಗೆ ಅನ್ನಿಸಿತು.

ಸಂಘದ ಹುಡುಗರಿಗೆ ಹೇಳಿದೆ. 'ಸಂಭಾವನೆ ಕೀಬೋರ್ಡಿಗೆ ಇಷ್ಟು, ಪ್ಯಾಡಿಗೆ ಇಷ್ಟು ಅಂತ ಮಾಡಬೇಡಿ. ಒಂದೇ ಕವರಿನಲ್ಲಿ ಹಾಕಿ, ಮೇಲೆ ಆರ್ಕೆಸ್ಟ್ರಾ ಹೆಸರು ಬರೆದು ನಮ್ಮಮ್ಮನ ಕೈಗೆ ಕೊಡಿ.' ಆಮೇಲೆ ಅಣ್ಣನಿಗೆ ಫೋನು ಮಾಡಿದೆ. ಮೂರು ವರ್ಷದ ಮೇಲೆ ನಾನೇ ಮಾಡಿದ ಫೋನು. ವಿಷಯ ಹೇಳಿದೆ, ಕವರಿನ ಮಾತೂ ಹೇಳಿದೆ. ಅವನು 'ನೋಡೋಣ, ಆಮೇಲೆ ಹೇಳ್ತೀನಿ' ಅಂದು ಇಟ್ಟುಬಿಟ್ಟ.

ರಾತ್ರಿ ಹನ್ನೊಂದು ಗಂಟೆಗೆ ಒಂದು ವಾಯ್ಸ್ ಮೆಸೇಜು ಬಂತು. ಮಾತಿಲ್ಲ. ಬರಿಯ ಕೀಬೋರ್ಡು. 'ಎರಡು ಕನಸು' ಹಾಡಿನ ಬಿ.ಜಿ.ಎಂ. ಕೊನೆಯಲ್ಲಿ ಒಂದೇ ಒಂದು ಮಾತು: 'ಸ್ಪೀಡು ಜಾಸ್ತಿ ಆಯ್ತೇನೋ?'

ಸ್ವಲ್ಪ ಜಾಸ್ತಿ ಆಗಿತ್ತು. ಹಾಗಂತಲೇ ಹೇಳಿದೆ. ಆಮೇಲೆ ಅರ್ಧ ಗಂಟೆ ಅದರ ಬಗ್ಗೆಯೇ ಮಾತಾಡಿದೆವು. ತಬಲಾ ತುಣುಕು ಎಲ್ಲಿ ಬೀಳಬೇಕು, ಪಿಟೀಲಿನ ಟೋನು ಯಾವುದು ಇಡಬೇಕು ಅಂತ. ಸಾಲದ ಮಾತು ಅವನೂ ತೆಗೆಯಲಿಲ್ಲ, ನಾನೂ ತೆಗೆಯಲಿಲ್ಲ. ಅದು ಇನ್ನೂ ಹಾಗೆಯೇ ಇದೆ. ಒಂದು ದಿನ ಕೂತು ಮಾತಾಡಲೇಬೇಕು, ಮಾತಾಡುತ್ತೇವೆ. ಸಿನಿಮಾದ ಹಾಗೆ ಕೊನೇ ರೀಲಿನಲ್ಲಿ ಎಲ್ಲಾ ಸರಿಹೋಯಿತು ಅಂತ ನಿಮಗೆ ಸುಳ್ಳು ಹೇಳೋಕೆ ನನಗೆ ಇಷ್ಟವಿಲ್ಲ.

ಹದಿನೆಂಟು ಹಾಡಿನ ಪಟ್ಟಿ ತಯಾರಾಗಿದೆ. ಶುರು 'ಗಂಧದ ಗುಡಿ'ಯಿಂದ, ಅದರಲ್ಲಿ ಇಬ್ಬರದೂ ಒಪ್ಪಿಗೆ. ಕೊನೆಗೆ ಯಾವುದು ಅನ್ನೋದರಲ್ಲಿ ಮಾತ್ರ ತಕರಾರು. ಅಣ್ಣ 'ಗಾಳಿಮಾತು' ಅಂತಾನೆ, ನಾನು 'ಬಯಲು ದಾರಿ' ಅಂತೀನಿ. ರಸಿಕ ಮಿತ್ರರೇ, ನಿಮ್ಮ ಓಟು ಯಾವುದಕ್ಕೆ? ಒಂದು ಕಾರ್ಡು ಬರೆದು ಹಾಕಿ. ಈ ಜಗಳ ಒಂದನ್ನು ಮಾತ್ರ ಬೇಗ ಮುಗಿಸುವ ಆಸೆ ನಮ್ಮಿಬ್ಬರಿಗೂ ಇಲ್ಲ!